ಒಂದು ಫೈಲು, ಹತ್ತಾರು ಪ್ರೋಗ್ರಾಂ: ವಿಂಡೋಸ್‌ನ ಡಿಎಲ್‌ಎಲ್ ಗೋಜಲು ಬೆಳೆದು ಬಂದ ದಾರಿ

ಹೊಸ ಸಾಫ್ಟ್‌ವೇರ್ ತೆರೆಯಲು ಹೋದಾಗ ‘ವಿಸಿರನ್‌ಟೈಮ್140 ಡಿಎಲ್‌ಎಲ್ ಸಿಗಲಿಲ್ಲ’ ಎಂಬ ಸಂದೇಶ ಬರುವುದು ವಿಂಡೋಸ್ ಬಳಸುವವರಿಗೆ ಗೊತ್ತಿರುವ ತಲೆನೋವು. ಪರಿಹಾರ ಹುಡುಕಿದರೆ ಒಬ್ಬೊಬ್ಬರದು ಒಂದೊಂದು ಮಾತು. ಆ ಫೈಲನ್ನು ಎಲ್ಲಿಂದಲಾದರೂ ಇಳಿಸಿ ಸಿಸ್ಟಮ್32 ಫೋಲ್ಡರ್‌ಗೆ ಹಾಕಿ ಅಂತಾರೆ ಒಬ್ಬರು. ರಿಜಿಸ್ಟ್ರಿ (ವಿಂಡೋಸ್ ತನ್ನ ಸೆಟ್ಟಿಂಗ್‌ಗಳನ್ನೆಲ್ಲ ಬರೆದಿಡುವ ದಾಖಲೆ) ಕ್ಲೀನರ್ ಓಡಿಸಿ ಅಂತಾರೆ ಇನ್ನೊಬ್ಬರು. ಎರಡೂ ಒಳ್ಳೆಯ ಸಲಹೆಯಲ್ಲ. ಯಾಕೆ ಅಂತ ತಿಳಿಯಲು ಸ್ವಲ್ಪ ಹಿಂದಕ್ಕೆ ಹೋಗಬೇಕು.

ಡಿಎಲ್‌ಎಲ್ ಅಂದರೆ ಹಲವು ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಕೋಡ್ ಇರುವ ಫೈಲು. 1985ರಲ್ಲಿ ಬಂದ ಮೊದಲ ವಿಂಡೋಸ್ 256 ಕಿಲೋಬೈಟ್ ಮೆಮೊರಿಯಲ್ಲಿ ಓಡಬೇಕಿತ್ತು. ಒಂದೇ ಕೋಡನ್ನು ಎರಡೆರಡು ಸಲ ಮೆಮೊರಿಗೆ ತುಂಬಿಕೊಳ್ಳುವಷ್ಟು ಜಾಗ ಎಲ್ಲಿತ್ತು? ಆ ಹೊತ್ತಿಗೆ ಹಂಚಿಕೊಳ್ಳುವುದು ಸರಿಯಾದ ದಾರಿಯೇ ಆಗಿತ್ತು.

ತೊಂದರೆ ಜಾಸ್ತಿಯಾಗಿದ್ದು ತೊಂಬತ್ತರ ದಶಕದಲ್ಲಿ. ಪ್ರತಿ ಇನ್‌ಸ್ಟಾಲರ್ ತನಗೆ ಬೇಕಾದ ಡಿಎಲ್‌ಎಲ್‌ಗಳನ್ನು ವಿಂಡೋಸ್‌ನ ಸಿಸ್ಟಮ್ ಫೋಲ್ಡರ್‌ಗೆ ತಂದು ಸುರಿಯುತ್ತಿತ್ತು. ಫೈಲಿನೊಳಗೆ ವರ್ಷನ್ ನಂಬರ್ ಇರುತ್ತಿತ್ತು, ಅದನ್ನು ನೋಡಿ ಹೊಸದನ್ನು ಉಳಿಸಿಕೊಳ್ಳಬೇಕೆಂಬ ನಿಯಮವೂ ಇತ್ತು. ಆದರೆ ಅದನ್ನು ನೋಡದ ಇನ್‌ಸ್ಟಾಲರ್‌ಗಳು ಎಷ್ಟೋ ಇದ್ದವು. ಹೊಸದರ ಮೇಲೆ ಹಳೆಯದು ಬಂದು ಕೂತರೆ ಬೇರೆ ಯಾವುದೋ ಪ್ರೋಗ್ರಾಂ ನಿಂತುಹೋಗುತ್ತಿತ್ತು. ಹಳೆಯದರ ಮೇಲೆ ಹೊಸದು ಬಂದರೂ ನೆಮ್ಮದಿ ಇರಲಿಲ್ಲ. ಹಳೆಯ ಫೈಲಿನ ತಪ್ಪು ನಡವಳಿಕೆಯನ್ನೇ ನಂಬಿಕೊಂಡು ಬರೆದ ಪ್ರೋಗ್ರಾಂಗಳು ಅದು ಸರಿಯಾದ ಕೂಡಲೇ ಕೆಡುತ್ತಿದ್ದವು. ಡೆವಲಪರ್‌ಗಳು ಇದನ್ನು ‘ಡಿಎಲ್‌ಎಲ್ ಹೆಲ್’ ಅಂತಲೇ ಕರೆದರು.

ತೆಗೆಯುವಾಗ ಇನ್ನೊಂದು ಗೋಳು. ವಿಂಡೋಸ್ 95ರ ಕಾಲದಿಂದ ರಿಜಿಸ್ಟ್ರಿಯಲ್ಲಿ ‘ಶೇರ್ಡ್ ಡಿಎಲ್‌ಎಲ್ಸ್’ ಎಂಬ ಲೆಕ್ಕ ಇತ್ತು. ಫೈಲನ್ನು ಹಾಕಿದವರು ಒಂದು ಕೂಡಿಸಬೇಕು, ತೆಗೆದವರು ಒಂದು ಕಳೆಯಬೇಕು. ಸೊನ್ನೆಗೆ ಬಂದರೆ ‘ಈ ಫೈಲನ್ನು ಯಾರೂ ಬಳಸುತ್ತಿಲ್ಲ, ಅಳಿಸಲೇ?’ ಎಂಬ ಪ್ರಶ್ನೆ ಬರುತ್ತಿತ್ತು. ಪಾಪ, ಮನೆಯಲ್ಲಿ ಕೂತು ಕಂಪ್ಯೂಟರ್ ಬಳಸುವವರಿಗೆ ಅದಕ್ಕೆ ಏನು ಉತ್ತರ ಕೊಡಬೇಕು ಅಂತ ಹೇಗೆ ಗೊತ್ತಾಗಬೇಕು? ಕೂಡಿಸದೇ ಬಿಟ್ಟ ಒಂದು ಇನ್‌ಸ್ಟಾಲರ್ ಇದ್ದರೂ ಸಾಕು, ಲೆಕ್ಕ ತಪ್ಪುತ್ತಿತ್ತು.

ಈ ಸಂದಿಯಲ್ಲೇ ಕ್ಲೀನರ್ ಯುಟಿಲಿಟಿಗಳು ಬೆಳೆದವು. ‘ಬಳಕೆಯಲ್ಲಿಲ್ಲದ ಡಿಎಲ್‌ಎಲ್’ಗಳ ಪಟ್ಟಿ ತೋರಿಸಿ ಅಳಿಸಿಕೊಡುವುದು ಅವುಗಳ ಭರವಸೆ. ಆದರೆ ಪ್ರೋಗ್ರಾಂ ತನಗೆ ಬೇಕಾದ ಎಲ್ಲ ಡಿಎಲ್‌ಎಲ್‌ಗಳನ್ನೂ ಮೊದಲೇ ಹೇಳಿಕೊಂಡಿರುವುದಿಲ್ಲ. ಓಡುತ್ತಿರುವಾಗ, ಪ್ರಿಂಟ್ ಒತ್ತಿದಾಗಲೋ ಯಾವುದೋ ಪ್ಲಗಿನ್ ತೆರೆದಾಗಲೋ, ಹೆಸರು ಹಿಡಿದು ಕರೆಯಬಹುದು. ಹಾಗಾಗಿ ಹೊರಗಿನಿಂದ ನೋಡಿ ‘ಇದು ಯಾರಿಗೂ ಬೇಡ’ ಅಂತ ಖಚಿತವಾಗಿ ಹೇಳುವುದು ಯಾವ ಕ್ಲೀನರ್‌ಗೂ ಆಗದ ಮಾತು.

ವಿಂಡೋಸ್ 2000 ಸಿಸ್ಟಮ್ ಫೈಲುಗಳಿಗೆ ಕಾವಲು ಹಾಕಿತು. ಯಾರಾದರೂ ಬದಲಿಸಿದರೆ ತನ್ನ ಪ್ರತಿಯನ್ನೇ ವಾಪಸ್ ತಂದಿಡುತ್ತಿತ್ತು. 2001ರ ಎಕ್ಸ್‌ಪಿ ಒಂದೇ ಡಿಎಲ್‌ಎಲ್‌ನ ಹಲವು ವರ್ಷನ್‌ಗಳನ್ನು ಅಕ್ಕಪಕ್ಕ ಇಟ್ಟುಕೊಳ್ಳಲು ವಿನ್‌ಎಸ್‌ಎಕ್ಸ್‌ಎಸ್ ಫೋಲ್ಡರ್ ತಂದಿತು.

ಕನ್ನಡಿಗರಿಗೆ ಈ ಘಟ್ಟ ಬೇರೆ ಕಾರಣಕ್ಕೆ ಮುಖ್ಯ. ಯೂನಿಕೋಡ್ ಕನ್ನಡದ ಒತ್ತಕ್ಷರ, ಗುಣಿತಗಳನ್ನು ಪರದೆಯ ಮೇಲೆ ಸರಿಯಾಗಿ ಜೋಡಿಸುವ ಕೆಲಸ ಆಗ ಯೂನಿಸ್ಕ್ರೈಬ್‌ನದಾಗಿತ್ತು, ಅಂದರೆ ಯುಎಸ್‌ಪಿ10 ಎಂಬ ಒಂದು ಡಿಎಲ್‌ಎಲ್‌ನದು. ವಿಂಡೋಸ್ 2000ದಲ್ಲಿ ದೇವನಾಗರಿ, ತಮಿಳು ಇದ್ದವು. ಕನ್ನಡ ಬಂದದ್ದು ಎಕ್ಸ್‌ಪಿಯಲ್ಲಿ, ತುಂಗಾ ಫಾಂಟಿನ ಜೊತೆ. ಅಲ್ಲೂ ಕಂಟ್ರೋಲ್ ಪ್ಯಾನೆಲ್‌ನಲ್ಲಿ ಸಂಕೀರ್ಣ ಲಿಪಿಗಳ ಆಯ್ಕೆಗೆ ಟಿಕ್ ಹಾಕಿ ಸಿಡಿ ತುರುಕಬೇಕಿತ್ತು. ಹಳೆಯ ವಿಂಡೋಸ್ ಇದ್ದವರು ಹೊಸ ಯುಎಸ್‌ಪಿ10 ಫೈಲನ್ನು ಬೇಕಾದ ಪ್ರೋಗ್ರಾಂನ ಫೋಲ್ಡರ್‌ಗೇ ಹಾಕಿ ಆ ಒಂದು ಪ್ರೋಗ್ರಾಂನಲ್ಲಿ ಮಾತ್ರ ಅಕ್ಷರ ಸರಿಪಡಿಸಿಕೊಳ್ಳುತ್ತಿದ್ದರು. ಪ್ರೋಗ್ರಾಂ ಮೊದಲು ತನ್ನ ಫೋಲ್ಡರ್‌ನಲ್ಲೇ ಹುಡುಕುತ್ತಿದ್ದುದರಿಂದ ಇದು ನಡೆಯುತ್ತಿತ್ತು.

ಡಿಸ್ಕ್ ಅಗ್ಗವಾದಂತೆ ಬಹಳಷ್ಟು ಡೆವಲಪರ್‌ಗಳು ಇದೇ ದಾರಿ ಹಿಡಿದರು. ತಮ್ಮ ಪ್ರತಿ ತಮ್ಮ ಫೋಲ್ಡರ್‌ನಲ್ಲಿ. ಜಗಳ ನಿಂತಿತು. ಆದರೆ ಯಾವ ಪ್ರತಿ ಎಲ್ಲಿದೆ, ಎಷ್ಟು ಹಳೆಯದು ಅಂತ ನೋಡುವ ಕೆಲಸ ಯಾರ ಪಾಲಿಗೂ ಬರಲಿಲ್ಲ. 2004ರಲ್ಲಿ ಜೆಪೆಗ್ ಚಿತ್ರ ತೆರೆಯುವ ಜಿಡಿಐ ಪ್ಲಸ್ ಡಿಎಲ್‌ಎಲ್‌ನಲ್ಲಿ ದೊಡ್ಡ ದೋಷ ಸಿಕ್ಕಿತು. ವಿಂಡೋಸ್ ಅಪ್‌ಡೇಟ್ ಮಾಡಿದರೂ ಬೇರೆ ಪ್ರೋಗ್ರಾಂಗಳು ಹೊತ್ತು ತಂದ ಪ್ರತಿಗಳು ಹಾಗೇ ಉಳಿದವು. ದೋಷವಿರುವ ಸಾಫ್ಟ್‌ವೇರ್ ಹುಡುಕಲು ಮೈಕ್ರೋಸಾಫ್ಟ್ ಬೇರೆಯೇ ಟೂಲ್ ಕೊಡಬೇಕಾಯಿತು.

2019ರ ಫೆಬ್ರವರಿಯಲ್ಲಿ ಅದಕ್ಕಿಂತ ಕಳವಳದ ಸುದ್ದಿ ಬಂತು. ಫೈಲುಗಳನ್ನು ಕುಗ್ಗಿಸಿ ಒಂದೇ ಆರ್ಕೈವ್ ಫೈಲಾಗಿ ಕಟ್ಟುವ, ಬಿಚ್ಚುವ ವಿನ್‌ರಾರ್ ಎಂಬ ಪ್ರೋಗ್ರಾಂ, ‘ಏಸ್’ ಬಗೆಯ ಆರ್ಕೈವ್ ಬಿಚ್ಚಲು ಯುಎನ್‌ಎಸಿಇವಿ2 ಎಂಬ ಹೊರಗಿನವರ ಡಿಎಲ್‌ಎಲ್ ಬಳಸುತ್ತಿತ್ತು. 2005ರಿಂದ ಅದು ಅಪ್‌ಡೇಟ್ ಆಗಿರಲಿಲ್ಲ. ಸೋರ್ಸ್ ಕೋಡ್ ವಿನ್‌ರಾರ್ ತಂಡದ ಕೈಯಲ್ಲಿರಲಿಲ್ಲ. ಅದರೊಳಗಿನ ದೋಷವನ್ನು ಚೆಕ್ ಪಾಯಿಂಟ್ ಕಂಪನಿಯ ಸಂಶೋಧಕರು ತೋರಿಸಿದರು. ಏಸ್ ಫೈಲಿಗೆ ರಾರ್ ಎಂದು ಹೆಸರಿಟ್ಟು ಕಳಿಸಿದರೆ, ಬಿಚ್ಚಿದವರ ಸ್ಟಾರ್ಟ್‌ಅಪ್ ಫೋಲ್ಡರ್‌ಗೇ (ಲಾಗಿನ್ ಆದ ಕೂಡಲೇ ತಾನಾಗಿ ಓಡುವ ಪ್ರೋಗ್ರಾಂಗಳ ಜಾಗ) ವೈರಸ್ ಇಳಿಸಬಹುದಿತ್ತು. ರಿಪೇರಿಗೆ ದಾರಿಯೇ ಇರಲಿಲ್ಲ, 5.70 ವರ್ಷನ್‌ನಲ್ಲಿ ಆ ಡಿಎಲ್‌ಎಲ್ಲನ್ನೇ ಕಿತ್ತುಹಾಕಿದರು. ವಿನ್‌ರಾರ್ ತಾನಾಗಿ ಅಪ್‌ಡೇಟ್ ಆಗುವುದಿಲ್ಲವಾದ್ದರಿಂದ ಹಳೆಯ ವರ್ಷನ್ ಇದ್ದವರು ತಾವೇ ಬದಲಿಸಿಕೊಳ್ಳಬೇಕಿತ್ತು. ಅದೇ ಫೈಲನ್ನು ಇಟ್ಟುಕೊಂಡಿದ್ದ ಬೇರೆ ಆರ್ಕೈವ್ ಟೂಲ್‌ಗಳೂ ಬೇರೆಬೇರೆಯಾಗಿ ಅದನ್ನು ತೆಗೆಯಬೇಕಾಯಿತು. ಯಾರೂ ನೋಡಿಕೊಳ್ಳದ ಕೋಡನ್ನು ಇಷ್ಟು ವರ್ಷ ಹೊತ್ತು ತಿರುಗಬಾರದಿತ್ತು.

ಇನ್ನು ಮೊದಲು ಹೇಳಿದ ವಿಸಿರನ್‌ಟೈಮ್140 ವಿಷಯ. ಪ್ರೋಗ್ರಾಂ ಬರೆಯಲು ಬಳಸುವ ಮೈಕ್ರೋಸಾಫ್ಟ್‌ನ ವಿಷುಯಲ್ ಸಿ++ನಲ್ಲಿ 2005ರಿಂದ 2013ರವರೆಗೆ ಪ್ರತಿ ಆವೃತ್ತಿಗೂ ಬೇರೆ ರನ್‌ಟೈಮ್ ಪ್ಯಾಕೇಜ್ (ಅದರಲ್ಲಿ ಬರೆದ ಪ್ರೋಗ್ರಾಂ ಓಡಲು ಬೇಕಾದ ಡಿಎಲ್‌ಎಲ್‌ಗಳ ಕಟ್ಟು) ಬೇಕು. 2015ರಿಂದ 2022ರವರೆಗಿನವುಗಳಿಗೆ ಒಂದೇ ಸಾಕು, ಈ ಫೈಲು ಅದರಲ್ಲೇ ಬರುತ್ತದೆ. ಮೈಕ್ರೋಸಾಫ್ಟ್ ಸೈಟಿನಿಂದಲೇ ಅದನ್ನು ಇಳಿಸಿ ಹಾಕಿಕೊಳ್ಳಿ. 64 ಬಿಟ್ ವಿಂಡೋಸ್ ಇದ್ದರೂ 32 ಬಿಟ್ ಪ್ರೋಗ್ರಾಂಗಳಿಗೆ ಎಕ್ಸ್86 ಪ್ಯಾಕೇಜ್ ಬೇಕಾಗುತ್ತದೆ, ಆದ್ದರಿಂದ ಎಕ್ಸ್86, 64 ಬಿಟ್‌ನ ಎಕ್ಸ್64 ಎರಡೂ ಇರಲಿ. ಇನ್‌ಸ್ಟಾಲ್ ಆಗಿರುವ ಪ್ರೋಗ್ರಾಂಗಳ ಪಟ್ಟಿಯಲ್ಲಿ ವಿಷುಯಲ್ ಸಿ++ 2008, 2010 ಎಂಬ ಹಳೆಯ ಹೆಸರುಗಳು ಕಂಡರೆ ಸುಮ್ನೆ ಬಿಟ್ಟುಬಿಡಿ. ಅವುಗಳನ್ನು ನಂಬಿದ ಯಾವುದೋ ಪ್ರಿಂಟರ್ ಸಾಫ್ಟ್‌ವೇರೋ ಅಕೌಂಟಿಂಗ್ ಪ್ಯಾಕೇಜೋ ನಿಮ್ಮ ಕಂಪ್ಯೂಟರಿನಲ್ಲಿ ಇನ್ನೂ ಇರಬಹುದು.