ಮೂರು ಊರು, ಮೂರು ರೈಲ್ವೆ ವಿಭಾಗ: ಕಲಬುರಗಿ ಸ್ಟೇಷನ್ ಬಗ್ಗೆ ಒಂದು ಟಿಪ್ಪಣಿ

ಕಲಬುರಗಿ, ಯಾದಗಿರಿ, ಬೀದರ್. ಅಕ್ಕಪಕ್ಕದ ಊರುಗಳು. ಯಾದಗಿರಿಯಂತೂ ಹಿಂದೆ ಕಲಬುರಗಿ ಜಿಲ್ಲೆಯ ಒಂದು ತಾಲ್ಲೂಕೇ ಆಗಿತ್ತು. ಆದರೆ ರೈಲ್ವೆ ನಕ್ಷೆ ಬಿಡಿಸಿ ನೋಡಿದರೆ ಬೇರೆಯೇ ಚಿತ್ರ ಕಾಣುತ್ತದೆ. ಕಲಬುರಗಿ ಸ್ಟೇಷನ್ ಸೊಲ್ಲಾಪುರ ವಿಭಾಗಕ್ಕೆ ಸೇರಿದೆ. ಯಾದಗಿರಿ ಗುಂತಕಲ್ ವಿಭಾಗಕ್ಕೆ. ಬೀದರ್ ಸಿಕಂದರಾಬಾದ್ ವಿಭಾಗಕ್ಕೆ. ಒಂದು ಕಚೇರಿ ಮಹಾರಾಷ್ಟ್ರದಲ್ಲಿ, ಇನ್ನೊಂದು ಆಂಧ್ರದಲ್ಲಿ, ಮತ್ತೊಂದು ತೆಲಂಗಾಣದಲ್ಲಿ.

ಯಾಕೆ ಹೀಗೆ? ಈ ಒಂದು ಪ್ರಶ್ನೆ ಹಿಡಿದು ಹೊರಟರೆ ನಮ್ಮ ಭಾಗದ ರೈಲ್ವೆ ಚರಿತ್ರೆ ತಾನಾಗಿಯೇ ಬಿಚ್ಚಿಕೊಳ್ಳುತ್ತದೆ. ಇಸವಿಗಳನ್ನು ಸುಮ್ನೆ ಬಾಯಿಪಾಠ ಮಾಡುವುದಕ್ಕಿಂತ ಹೀಗೆ ಓದಿದರೆ ಜಾಸ್ತಿ ದಿನ ನೆನಪಿರುತ್ತದೆ.

ಮೊದಲು ಹಳಿ ಹಾಕಿದವರು ಯಾರು ಅಂತ ನೋಡೋಣ. 1853ರ ಏಪ್ರಿಲ್ 16ರಂದು ಬೊಂಬಾಯಿಯಿಂದ ಠಾಣೆಗೆ ಗಾಡಿ ಓಡಿಸಿದ ಗ್ರೇಟ್ ಇಂಡಿಯನ್ ಪೆನಿನ್ಸುಲಾ ರೈಲ್ವೆ ಕಂಪನಿಯೇ ಕಲಬುರಗಿಗೂ ಬಂತು. ಅವರ ಹಳಿ 1860ರಲ್ಲಿ ಸೊಲ್ಲಾಪುರ ಮುಟ್ಟಿತು. ಅಲ್ಲಿಂದ ದಕ್ಷಿಣಕ್ಕೆ ತಿರುಗಿ, ನಿಜಾಮರ ಸೀಮೆಯೊಳಗೆ ಬಂದು, ಕಲಬುರಗಿ, ವಾಡಿ, ಯಾದಗಿರಿ ದಾಟಿ 1871ರಲ್ಲಿ ರಾಯಚೂರು ಸೇರಿತು. ಆ ಕಡೆಯಿಂದ ಮದ್ರಾಸ್ ರೈಲ್ವೆಯ ಹಳಿ ಬಂದು ಅಲ್ಲೇ ಕೂಡಿಕೊಂಡಿತು. ಬೊಂಬಾಯಿ ಮತ್ತು ಮದ್ರಾಸು ಒಂದೇ ಹಳಿಯಲ್ಲಿ ಜೋಡಣೆಯಾದವು.

ಈ ಮಾತನ್ನು ಅಡಿಗೆರೆ ಹಾಕಿ ಇಟ್ಟುಕೊಳ್ಳಿ. ಆ ಹಳಿಯ ಗುರಿ ಕಲಬುರಗಿ ಆಗಿರಲಿಲ್ಲ. ಎರಡು ದೊಡ್ಡ ಬಂದರುಗಳ ನಡುವಿನ ದಾರಿಯಲ್ಲಿ ನಮ್ಮೂರು ಸಿಕ್ಕಿತು, ಅಷ್ಟೇ. ಇಲ್ಲಿಂದ ಮುಂಬೈಗೆ ಸುಮಾರು 570 ಕಿಲೋಮೀಟರ್, ಸೊಲ್ಲಾಪುರಕ್ಕೆ ಸುಮಾರು 113.

ಇದನ್ನು ಸ್ಟೇಷನ್ನಿನ ಕಟ್ಟಡದಲ್ಲೂ ಓದಬಹುದು. ಮುಂಬೈಯ ಸಿಎಸ್‌ಎಂಟಿ, ಅಂದರೆ ಛತ್ರಪತಿ ಶಿವಾಜಿ ಮಹಾರಾಜ್ ಟರ್ಮಿನಸ್ ಸ್ಟೇಷನ್, ಕಟ್ಟಿಸಿದ್ದೂ ಇದೇ ಕಂಪನಿ. ಅಲ್ಲಿ ಹಳಿಗಳು ಕಟ್ಟಡದವರೆಗೆ ಬಂದು ನಿಂತುಬಿಡುತ್ತವೆ, ಮುಂದೆ ದಾರಿಯಿಲ್ಲ. ಅಂಥದ್ದಕ್ಕೆ ಟರ್ಮಿನಸ್ ಅನ್ನುತ್ತಾರೆ. ಕಲಬುರಗಿಯಲ್ಲಿ ಕಟ್ಟಡ ಹಳಿಗೆ ಸಮನಾಗಿ ಉದ್ದಕ್ಕೆ ನಿಂತಿದೆ. ಗಾಡಿ ಒಂದು ಕಡೆಯಿಂದ ಬಂದು ಇನ್ನೊಂದು ಕಡೆಗೆ ಹೋಗುತ್ತದೆ. ಟಿಕೆಟ್ ಕೌಂಟರ್, ಕಾಯುವ ಕೋಣೆ, ಸ್ಟೇಷನ್ ಮಾಸ್ಟರ್ ಕೋಣೆ ಎಲ್ಲವೂ ಒಂದನೇ ಪ್ಲಾಟ್‌ಫಾರ್ಮಿಗೆ ಅಂಟಿಕೊಂಡಿರುವುದು ಈ ಬಗೆಯ ಸ್ಟೇಷನ್ನಿನ ಗುರುತು. ಉಳಿದ ಪ್ಲಾಟ್‌ಫಾರ್ಮಿಗೆ ಸೇತುವೆ ಹತ್ತಿ ಇಳಿಯಬೇಕು. ಸಾಮಾನು ಹೊತ್ತು ಹತ್ತಿದವರಿಗೆ ಈ ಪಾಠ ಬೇರೆ ಹೇಳಬೇಕಿಲ್ಲ, ಅಲ್ವಾ?

ಪ್ಲಾಟ್‌ಫಾರ್ಮಿನ ತುದಿಗೆ ನಡೆದು ಹೋದರೆ ಹಳದಿ ಬೋರ್ಡು ಸಿಗುತ್ತದೆ. ಕನ್ನಡ, ಹಿಂದಿ, ಇಂಗ್ಲಿಷಿನಲ್ಲಿ ಊರ ಹೆಸರು, ಕೆಳಗೆ ಸಮುದ್ರ ಮಟ್ಟದಿಂದ ಎಷ್ಟು ಎತ್ತರ ಅನ್ನುವ ಅಂಕಿ. ನಮ್ಮೂರು ಸುಮಾರು 450 ಮೀಟರ್ ಎತ್ತರದಲ್ಲಿದೆ. ಈ ಅಂಕಿಯನ್ನು ಗುರುತು ಹಾಕಿಕೊಳ್ಳಿ, ಬೀದರ್ ಹಳಿಯ ವಿಷಯಕ್ಕೆ ಬಂದಾಗ ಬೇಕಾಗುತ್ತದೆ. ಊರ ಹೆಸರು ಗುಲ್ಬರ್ಗಾ ಇದ್ದದ್ದು ಕಲಬುರಗಿ ಅಂತ ಅಧಿಕೃತವಾಗಿ ಬದಲಾದದ್ದು 2014ರ ನವೆಂಬರ್ 1ರಂದು. ಹಳೆಯ ಟಿಕೆಟ್ ಯಾರ ಮನೆಯಲ್ಲಾದರೂ ಇದ್ದರೆ ಜೋಪಾನ ಮಾಡಿ.

ಈಗ ಹೊರಗೆ ಬರೋಣ. 1347ರಲ್ಲಿ ಬಹಮನಿ ಸುಲ್ತಾನರು ಕಲಬುರಗಿಯನ್ನು ರಾಜಧಾನಿ ಮಾಡಿಕೊಂಡಾಗ ಊರು ಕೋಟೆಯ ಸುತ್ತ ಬೆಳೆಯಿತು. 1367ರ ಜಾಮಿ ಮಸೀದಿ ಕೋಟೆಯೊಳಗಿದೆ. ನಡುವೆ ಬಯಲು ಅಂಗಳ ಬಿಡದೆ ಪೂರ್ತಿ ಛಾವಣಿ ಹೊದಿಸಿದ ಅಪರೂಪದ ಮಸೀದಿ ಅದು. ಬಂದೇನವಾಜ್ ದರ್ಗಾ, ಶರಣಬಸವೇಶ್ವರ ಗುಡಿ ಕೂಡ ಸ್ಟೇಷನ್ನಿಗೆ ಅಂಟಿಕೊಂಡಿಲ್ಲ. ಹಳೆಯ ಊರಿನಿಂದ ದೂರ, ಬಯಲಿನಲ್ಲಿ ಸ್ಟೇಷನ್ ಬಂತು. ಆಮೇಲೆ ಆ ನಡುವಿನ ಜಾಗವನ್ನು ಊರೇ ತುಂಬಿಕೊಂಡಿತು. ಸ್ಟೇಷನ್ ಬಜಾರ್, ಸ್ಟೇಷನ್ ರೋಡ್, ಪಬ್ಲಿಕ್ ಗಾರ್ಡನ್, ಜಗತ್ ಸರ್ಕಲ್, ಸೂಪರ್ ಮಾರ್ಕೆಟ್. ಈ ಹೆಸರುಗಳನ್ನು ಸಾಲಾಗಿ ಹೇಳಿಕೊಂಡರೆ ಸ್ಟೇಷನ್ನಿನಿಂದ ಹಳೆಯ ಊರಿಗೆ ನಡೆದಂತೆಯೇ. ಕೋಟೆ ಬೆಳೆಸಿದ ಕಲಬುರಗಿ ಒಂದು, ಹಳಿ ಬೆಳೆಸಿದ ಕಲಬುರಗಿ ಇನ್ನೊಂದು ಅಂತ ನನಗೆ ಅನ್ನಿಸುತ್ತದೆ.

ಸ್ಟೇಷನ್ ಹತ್ತಿರದ ಐವಾನ್-ಎ-ಶಾಹಿಯನ್ನು ಬಿಟ್ಟು ಈ ಪಾಠ ಮುಗಿಯುವುದಿಲ್ಲ. ಅದು ನಿಜಾಮರ ಅತಿಥಿಗೃಹ, ಬಿಳಿ ಕಲ್ಲಿನ ಚೆಂದದ ಕಟ್ಟಡ. ನಿಜಾಮರ ಸ್ವಂತ ಗಾಡಿ ಅದರ ಆವರಣದವರೆಗೂ ಬರುತ್ತಿತ್ತು ಅಂತ ಊರ ಹಿರಿಯರು ಹೇಳುತ್ತಾರೆ. ಅರಮನೆಯಂಥ ಕಟ್ಟಡ ಕೋಟೆಯ ಹತ್ತಿರ ಬಾರದೆ ಹಳಿಯ ಹತ್ತಿರ ಬಂದು ಕೂತದ್ದನ್ನು ಗಮನಿಸಿ. ಆ ಹೊತ್ತಿಗೆ ಊರಿನ ಬಾಗಿಲು ಯಾವುದು ಅನ್ನುವುದು ಬದಲಾಗಿತ್ತು.

ನಿಜಾಮರಿಗೆ ತಮ್ಮ ಹೈದರಾಬಾದಿಗೂ ರೈಲು ಬೇಕಿತ್ತು. ತಮ್ಮದೇ ಹಣ ಹಾಕಿ 1874ರಲ್ಲಿ ಸಿಕಂದರಾಬಾದಿಗೆ ಹಳಿ ಹಾಕಿಸಿದರು. ಅದು ಮುಖ್ಯ ಹಳಿಗೆ ಕೂಡಿದ್ದು ಕಲಬುರಗಿಯಲ್ಲಲ್ಲ, ಇಲ್ಲಿಂದ ಸುಮಾರು 37 ಕಿಲೋಮೀಟರ್ ಆಚೆ, ವಾಡಿಯಲ್ಲಿ. ಆವತ್ತಿನಿಂದ ವಾಡಿ ಜಂಕ್ಷನ್ ಆಯಿತು. ಜಿಲ್ಲೆಯ ದೊಡ್ಡ ಊರು ಮಾತ್ರ ನಡುದಾರಿಯ ಸ್ಟೇಷನ್ ಆಗಿಯೇ ಉಳಿಯಿತು.

ಗೇಜ್ ಬಗ್ಗೆ ಒಂದು ಮಾತು. ನಮ್ಮ ಹಳಿ ಮೊದಲಿನಿಂದಲೂ ಬ್ರಾಡ್‌ಗೇಜ್, ಅಂದರೆ ಎರಡು ಹಳಿಗಳ ನಡುವೆ 1,676 ಮಿಲಿಮೀಟರ್. ಹುಬ್ಬಳ್ಳಿ, ವಿಜಯಪುರದ ಕಡೆ ಇದ್ದದ್ದು 1,000 ಮಿಲಿಮೀಟರಿನ ಮೀಟರ್‌ಗೇಜ್. ಒಂದರ ಗಾಡಿ ಇನ್ನೊಂದರ ಮೇಲೆ ಓಡಲಾರದು. ಕಲಬುರಗಿಯಲ್ಲಿ ಗಾಡಿ ಹತ್ತಿದವರು ಇಳಿಯದೆ ಮುಂಬೈ ಸೇರಬಹುದಿತ್ತು, ಆದರೆ ಹುಬ್ಬಳ್ಳಿಗೆ ಹೋಗಲು ಸೊಲ್ಲಾಪುರದ ಹತ್ತಿರದ ಹೊಟಗಿಯಲ್ಲಿ ಇಳಿದು ಗಾಡಿ ಬದಲಿಸಬೇಕಿತ್ತು. ನಮ್ಮ ಭಾಗದ ಜನ ದುಡಿಮೆಗೆ ಅಂತ ಮುಂಬೈ, ಪುಣೆ, ಹೈದರಾಬಾದಿನ ದಾರಿ ಹಿಡಿದದ್ದಕ್ಕೆ ಬರಗಾಲ, ಬಡತನದ ಜೊತೆ ಇದೂ ಒಂದು ಕಾರಣ ಅಂತ ನಾನು ನಂಬುತ್ತೇನೆ. ಹಳಿ ಯಾವ ಕಡೆ ಹೋಗುತ್ತದೋ ಜನ ಆ ಕಡೆ ಹೋಗುತ್ತಾರೆ.

ಈಗ ಮೊದಲಿನ ಪ್ರಶ್ನೆಗೆ ಉತ್ತರ ಕೂಡಿಸಬಹುದು. 1951ರಲ್ಲಿ ಪೆನಿನ್ಸುಲಾ ರೈಲ್ವೆ ಮತ್ತು ನಿಜಾಮರ ರೈಲ್ವೆ ಎರಡನ್ನೂ ಸೇರಿಸಿ ಮಧ್ಯ ರೈಲ್ವೆ ಅನ್ನುವ ವಲಯ ಮಾಡಿದರು (ಹಲವು ವಿಭಾಗಗಳು ಸೇರಿದರೆ ಒಂದು ವಲಯ). 1966ರಲ್ಲಿ ದಕ್ಷಿಣ ಮಧ್ಯ ರೈಲ್ವೆ ಹುಟ್ಟಿದಾಗ ಸೊಲ್ಲಾಪುರ ವಿಭಾಗ ಅದಕ್ಕೆ ಹೋಯಿತು. 1977ರಲ್ಲಿ ಮತ್ತೆ ಮಧ್ಯ ರೈಲ್ವೆಗೆ ವಾಪಸ್ ಬಂತು. ಹನ್ನೊಂದು ವರ್ಷ ನಮ್ಮ ಸ್ಟೇಷನ್ನಿನ ವಲಯ ಸಿಕಂದರಾಬಾದಿನದು, ಆಮೇಲೆ ಮುಂಬೈಯದು. 2003ರಲ್ಲಿ ಹುಬ್ಬಳ್ಳಿಯಲ್ಲಿ ನೈಋತ್ಯ ರೈಲ್ವೆ ಶುರುವಾದಾಗಲೂ ಕಲಬುರಗಿ ಅದರೊಳಗೆ ಬರಲಿಲ್ಲ. ರಾಜ್ಯದ ಗಡಿಗಳು 1956ರಲ್ಲಿ ಭಾಷೆಯ ಮೇಲೆ ನಿಂತವು. ರೈಲ್ವೆಯ ಗಡಿಗಳು ಹಳೆಯ ಕಂಪನಿಗಳ ದಾರಿಯ ಮೇಲೆಯೇ ನಿಂತಿವೆ. ಕಲಬುರಗಿಗೇ ಒಂದು ವಿಭಾಗ ಬೇಕು ಅನ್ನುವ ಕೂಗಿಗೆ 2014ರಲ್ಲಿ ಅಡಿಗಲ್ಲೇನೋ ಬಿತ್ತು. ಕೆಲಸ ಮುಂದೆ ಸಾಗಲಿಲ್ಲ. ಇದು ಆಗಲೇಬೇಕಾದ ಕೆಲಸ.

ಕೊನೆಗೆ ಬೀದರ್ ಹಳಿ. 2017ರ ಅಕ್ಟೋಬರ್ 29ರಂದು ಉದ್ಘಾಟನೆಯಾದ ಈ ದಾರಿ ಸುಮಾರು 110 ಕಿಲೋಮೀಟರ್. ಅದಕ್ಕೆ ಮುಂಚೆ ಕಲಬುರಗಿಯಿಂದ ಬೀದರಿಗೆ ರೈಲಿನಲ್ಲೇ ಹೋಗಬೇಕೆಂದರೆ ವಾಡಿ, ತಾಂಡೂರು, ವಿಕಾರಾಬಾದ್, ಜಹೀರಾಬಾದ್ ಸುತ್ತಬೇಕಿತ್ತು. ಅದು 200 ಕಿಲೋಮೀಟರಿಗಿಂತ ಜಾಸ್ತಿ. ಬಹಮನಿಗಳ ಎರಡು ರಾಜಧಾನಿಗಳಿಗೆ ನೇರ ಹಳಿ ಬರಲು ಇಷ್ಟು ಕಾಲ ಬೇಕಾಯಿತು. ಎರಡು ಬಂದರುಗಳಿಗಾಗಿ ಅಲ್ಲ, ನಮ್ಮ ಊರುಗಳಿಗಾಗಿಯೇ ಹಾಕಿದ ಹಳಿ ಇದು. ಅದಕ್ಕೇ ನನಗೆ ಇದರ ಮೇಲೆ ಪ್ರೀತಿ ಜಾಸ್ತಿ.

ಆ 450 ಮೀಟರ್ ನೆನಪಿದೆಯಲ್ಲ? ಬೀದರ್ ಇರುವುದು 650 ಮೀಟರಿಗೂ ಮೇಲೆ. ನಡುವೆ ಇನ್ನೂರು ಮೀಟರ್ ಏರು. ರಸ್ತೆಯಾದರೆ ತಿರುವು ಹಾಕಿ ಹತ್ತಬಹುದು, ರೈಲಿಗೆ ಕಡಿದಾದ ಏರು ಆಗದು. ಹಾಗಾಗಿ ಮರಗುತ್ತಿ ಹತ್ತಿರ ಗುಡ್ಡ ಕೊರೆದು ಒಂದೂವರೆ ಕಿಲೋಮೀಟರಿಗಿಂತ ಉದ್ದದ ಸುರಂಗ ಮಾಡಿದ್ದಾರೆ. ಹಗಲಿನ ಗಾಡಿ ಹತ್ತಿ, ಕೆಂಪು ಬಾಳೆಯ ಕಮಲಾಪುರದ ಕಡೆ ಬರುವಾಗ ಕಿಟಕಿ ಪಕ್ಕ ಕೂತಿರಿ. ಎರೆಹೊಲ ಹಿಂದೆ ಸರಿದು, ಗುಡ್ಡ ಹತ್ತಿರ ಬಂದು, ಡಬ್ಬಿಯೊಳಗೆ ಒಮ್ಮೆಗೇ ಕತ್ತಲಾಗುತ್ತದೆ.