ಕನ್ನಡ ಬೈಬಲ್‌ನ ಯಾಕೋಬ ಇಂಗ್ಲಿಷಿನಲ್ಲಿ ಜೇಮ್ಸ್ ಆಗಿದ್ದು ಹೇಗೆ?

ಓದುಗರ ಪ್ರಶ್ನೆ: ಕನ್ನಡ ಬೈಬಲ್‌ನಲ್ಲಿ ‘ಯಾಕೋಬನ ಪತ್ರಿಕೆ’ (ಅಂದರೆ ಅವನು ಬರೆದ ಪತ್ರ) ಅಂತ ಇದೆ. ಇಂಗ್ಲಿಷ್ ಬೈಬಲ್‌ನಲ್ಲಿ ಅದೇ ಪತ್ರಿಕೆ ಜೇಮ್ಸ್ ಹೆಸರಿನಲ್ಲಿದೆ. ಯಾಕೋಬ ಅಂದರೆ ಜೇಕಬ್ ಅಲ್ವಾ? ಜೇಮ್ಸ್ ಎಲ್ಲಿಂದ ಬಂದ? ಬೈಬಲ್ ಅನುವಾದ ಮಾಡಿಸಿದ ಇಂಗ್ಲೆಂಡಿನ ರಾಜ ಜೇಮ್ಸ್ ತನ್ನ ಹೆಸರನ್ನೇ ಒಳಗೆ ತುರುಕಿಸಿದ ಅಂತ ಕೇಳಿದ್ದೇನೆ, ನಿಜಾನಾ? ಈ ಹೆಸರಿಗೆ ‘ಮೋಸಗಾರ’ ಅನ್ನೋ ಅರ್ಥ ಇದೆಯಂತೆ, ಅದೂ ಹೌದಾ?

ಉತ್ತರ: ರಾಜನ ಕಥೆ ಸುಳ್ಳು. ಜೇಕಬ್, ಜೇಮ್ಸ್ ಎರಡೂ ಒಂದೇ ಹೀಬ್ರೂ ಹೆಸರು. ಇಂಗ್ಲಿಷಿಗೆ ಎರಡು ಬೇರೆ ಬೇರೆ ದಾರಿಯಲ್ಲಿ ಬಂದವು, ಅಷ್ಟೇ. ಕನ್ನಡ ಬೈಬಲ್ ಎರಡು ಕಡೆಯೂ ಯಾಕೋಬ ಅಂತಲೇ ಇಟ್ಟುಕೊಂಡಿದ್ದರಿಂದ ನಮಗೆ ಗೊಂದಲವೇ ಇಲ್ಲ. ಗೊಂದಲ ಏನಿದ್ದರೂ ಇಂಗ್ಲಿಷಿನವರದ್ದು.

ಮೊದಲು ರಾಜನನ್ನು ಬಿಡಿಸಿಬಿಡೋಣ. ಅವನ ಆಜ್ಞೆಯಂತೆ ತಯಾರಾದ ಬೈಬಲ್ ಅಚ್ಚಾಗಿದ್ದು 1611ರಲ್ಲಿ. ವಿಲಿಯಂ ಟಿಂಡೇಲ್ ಮಾಡಿದ ಹೊಸ ಒಡಂಬಡಿಕೆಯ ಇಂಗ್ಲಿಷ್ ಅನುವಾದ ಬಂದಿದ್ದು 1526ರಲ್ಲಿ. ಅದರಲ್ಲಿ ಆಗಲೇ ಜೇಮ್ಸ್ ಇದ್ದಾನೆ. ಅದಕ್ಕೂ ಸುಮಾರು ನೂರೈವತ್ತು ವರ್ಷ ಹಿಂದೆ, ವಿಕ್ಲಿಫ್ ಹೆಸರಿನ ಕೈಬರಹದ ಬೈಬಲ್‌ನಲ್ಲೂ ಇದ್ದಾನೆ. ರಾಜ ಹುಟ್ಟಿದ್ದೇ 1566ರಲ್ಲಿ. ಹುಟ್ಟುವ ಮೊದಲೇ ಹೆಸರು ತುರುಕಿಸೋದು ಯಾವ ರಾಜನಿಗೂ ಆಗದ ಕೆಲಸ.

ಇನ್ನೊಂದು ಸಾಕ್ಷಿ ಆ ರಾಜನ ನಾಣ್ಯದ ಮೇಲೇ ಇದೆ. ಅವನ ಕಾಲದ ನಾಣ್ಯಗಳಲ್ಲಿ ಮುಖದ ಸುತ್ತ ಲ್ಯಾಟಿನ್ ಅಕ್ಷರಗಳಲ್ಲಿ ಕೆತ್ತಿದ ಹೆಸರು ಜೇಮ್ಸ್ ಅಲ್ಲ, ‘ಇಯಾಕೋಬುಸ್’. ಇಂಗ್ಲಿಷಿನಲ್ಲಿ ಜೇಮ್ಸ್, ಲ್ಯಾಟಿನ್ನಿನಲ್ಲಿ ಯಾಕೋಬ. ಅವನ ಕಾಲದವರಿಗೆ ಇದರಲ್ಲಿ ವಿಚಿತ್ರ ಏನೂ ಕಂಡಿರಲಿಲ್ಲ. ಅದಕ್ಕೇ ಅವನ ಆಳ್ವಿಕೆಯ ಕಾಲವನ್ನು ಇತಿಹಾಸದ ಪುಸ್ತಕಗಳು ಇವತ್ತಿಗೂ ‘ಜಾಕೋಬಿಯನ್’ ಕಾಲ ಅನ್ನುತ್ತವೆ. ಅವನ ಮೊಮ್ಮಗ ಎರಡನೇ ಜೇಮ್ಸ್ 1688ರಲ್ಲಿ ಸಿಂಹಾಸನ ಕಳೆದುಕೊಂಡ ಮೇಲೆ ಅವನ ಪರ ನಿಂತವರಿಗೆ ‘ಜಾಕೋಬೈಟ್’ ಅನ್ನೋ ಹೆಸರು ಬಂದಿದ್ದೂ ಹೀಗೆಯೇ.

ಹಾಗಾದರೆ ಹೆಸರು ಒಡೆದಿದ್ದು ಎಲ್ಲಿ? ಹೀಬ್ರೂ ಮೂಲದಲ್ಲಿ ಇದು ‘ಯಅಕೋವ್’. ಮಧ್ಯದ ‘ಅ’ ಗಂಟಲಿನ ಆಳದಿಂದ ಬರುವ ಸದ್ದು, ನಮ್ಮ ಅಕ್ಷರಮಾಲೆಯಲ್ಲಿ ಅದಕ್ಕೆ ಜಾಗ ಇಲ್ಲ. ಗ್ರೀಕರಲ್ಲೂ ಇರಲಿಲ್ಲ. ಅವರು ಹಳೆ ಒಡಂಬಡಿಕೆಯ ಯಾಕೋಬನನ್ನು, ಅಂದರೆ ಇಸ್ರಾಯೇಲ್ಯರ ಮೂಲಪುರುಷನನ್ನು, ‘ಇಯಾಕೋಬ್’ ಅಂತ ಇದ್ದ ಹಾಗೇ ಇಟ್ಟರು. ಅವನ ಹೆಸರು ಇಟ್ಟುಕೊಂಡಿದ್ದ ತಮ್ಮ ಕಾಲದ ಜನರಿಗೆ ಮಾತ್ರ ಗ್ರೀಕ್ ವ್ಯಾಕರಣದ ಬಾಲ ಅಂಟಿಸಿ ‘ಇಯಾಕೋಬೊಸ್’ ಮಾಡಿದರು. ಮತ್ತಾಯನ ಸುವಾರ್ತೆಯ ಒಂದನೇ ಅಧ್ಯಾಯದಲ್ಲಿ ವಂಶಾವಳಿ ಬರುತ್ತದೆ. ಅಲ್ಲಿ ಮರಿಯಳ ಗಂಡ ಯೋಸೇಫನ ತಂದೆಯ ಹೆಸರೂ ಯಾಕೋಬ. ಅವನು ಬಾಲ ಇಲ್ಲದವನು. ಹತ್ತನೇ ಅಧ್ಯಾಯಕ್ಕೆ ಬಂದರೆ ಹನ್ನೆರಡು ಶಿಷ್ಯರ ಪಟ್ಟಿ. ಅಲ್ಲಿರುವ ಜೆಬೆದಾಯನ ಮಗ ಯಾಕೋಬ, ಅಲ್ಫಾಯನ ಮಗ ಯಾಕೋಬ ಇಬ್ಬರೂ ಬಾಲ ಇರುವವರು. ಲ್ಯಾಟಿನ್ನಿಗೂ ಇದೇ ಭೇದ ದಾಟಿತು. ಮೂಲಪುರುಷನ ಹೆಸರು ಪುಸ್ತಕದಲ್ಲಿ ಗಟ್ಟಿಯಾಗಿ ಉಳಿಯಿತು. ಶಿಷ್ಯರ ಹೆಸರನ್ನು ಜನ ಮಕ್ಕಳಿಗೆ ಇಟ್ಟರು, ಬೀದಿಯಲ್ಲಿ ಕೂಗಿದರು, ಬಾಯಿಂದ ಬಾಯಿಗೆ ಸವೆಸಿದರು.

ಸವೆದಿದ್ದು ಹೇಗೆ ಅಂತ ನೋಡೋದಕ್ಕೆ ನಮ್ಮ ಶಾಲೆಯ ತತ್ಸಮ-ತದ್ಭವ ಪಾಠ ಸಾಕು. ಯಾತ್ರೆ ಜಾತ್ರೆ ಆಯಿತು. ಯೋಗಿ ಜೋಗಿ, ಯೌವನ ಜವ್ವನ. ಪದದ ಮೊದಲಿನ ‘ಯ’ ನಾಲಿಗೆ ಮೇಲೆ ಒತ್ತಿ ‘ಜ’ ಆಗೋದು ನಮಗೆ ಹೊಸದಲ್ಲ. ಲ್ಯಾಟಿನ್ ಆಡುಮಾತಿನಲ್ಲೂ ಅದೇ ಆಯಿತು. ಯೋಸೇಫ ಜೋಸೆಫ್, ಯೋಹಾನ ಜಾನ್, ಯೇಸು ಜೀಸಸ್, ಯಾಕೋಬ ಜೇಕಬ್. ಕನ್ನಡ ಬೈಬಲ್‌ನಲ್ಲಿ ‘ಯ’ ಇದ್ದ ಕಡೆಯೆಲ್ಲ ಇಂಗ್ಲಿಷಿನಲ್ಲಿ ‘ಜ’ ಯಾಕೆ ಅಂತ ಕೇಳುವವರಿಗೂ ಇದೇ ಉತ್ತರ. ಜರ್ಮನ್ನರು ಈಗಲೂ ಜೆ ಅಕ್ಷರ ಬರೆದು ‘ಯಾಕೋಬ್’ ಅಂತಲೇ ಓದುತ್ತಾರೆ. 1611ರ ಬೈಬಲ್‌ನಲ್ಲೂ ಜೆ ಅಕ್ಷರ ಬೇರೆಯಾಗಿ ಇರಲಿಲ್ಲ. ರಾಜನಿಗೆ ಬರೆದ ಅರ್ಪಣೆಯಲ್ಲಿ ಅವನ ಹೆಸರು ಐ ಅಕ್ಷರದಿಂದಲೇ ಶುರುವಾಗುತ್ತದೆ.

ಎರಡನೆಯದು ‘ಬ’. ನಮ್ಮ ಪ-ವರ್ಗದಲ್ಲಿ ಪ, ಬ, ಮ ಮೂರೂ ಒಂದೇ ಸಾಲಿನಲ್ಲಿ ಕೂತಿವೆ, ಯಾಕೆಂದರೆ ಮೂರನ್ನೂ ತುಟಿ ಮುಚ್ಚಿಯೇ ಹೇಳಬೇಕು. ‘ಬ’ ಹೇಳುವಾಗ ಉಸಿರನ್ನು ಮೂಗಿಗೆ ಬಿಟ್ಟರೆ ‘ಮ’ ಆಗುತ್ತದೆ, ಬೇಕಿದ್ದರೆ ಹೇಳಿ ನೋಡಿ. ಲ್ಯಾಟಿನ್ ಆಡುಮಾತಿನಲ್ಲಿ ಯಾಕೋಬುಸ್ ಜೊತೆಗೆ ‘ಯಾಕೊಮುಸ್’ ಅಂತಲೂ ಶುರುವಾಯಿತು. ಇಟಲಿಯವರಂತೂ ಸಾಲಿನ ಎರಡು ಅಕ್ಷರವನ್ನೂ ಬಿಡಲಿಲ್ಲ: ಯಾಕೊಪೊ ಅನ್ನೋ ಹೆಸರೂ ಇದೆ, ಜಾಕೊಮೊ ಅನ್ನೋದೂ ಇದೆ. ಎರಡೂ ಯಾಕೋಬನೇ.

ಮೂರನೆಯದು ನಡುವಿನ ‘ಕ’ ಬಿದ್ದುಹೋಗಿದ್ದು. ಯಾಕೊಮುಸ್ ಅನ್ನು ಬೇಗ ಬೇಗ ಹೇಳುತ್ತಾ ಹಳೆಯ ಫ್ರೆಂಚಿನ ಕೆಲವು ಕಡೆ ಅದು ‘ಜೇಮ್ಸ್’ಗೆ ಹತ್ತಿರ ಬಂತು. ಕ್ಯಾಟಲನ್ ಭಾಷೆಯಲ್ಲಿ ‘ಜೌಮೆ’, ಸ್ಪೇನಿನಲ್ಲಿ ‘ಹೈಮೆ’ ಆಯಿತು. ಫ್ರಾನ್ಸಿನಿಂದ ಬಂದು ಇಂಗ್ಲೆಂಡನ್ನು ಗೆದ್ದ ನಾರ್ಮನ್ನರ ಜೊತೆ ಆ ರೂಪ ಇಂಗ್ಲೆಂಡಿಗೆ ದಾಟಿ, ಜನಬಳಕೆಯ ಹೆಸರಾಗಿ ನೆಲೆ ನಿಂತಿತು. ತಮಾಷೆ ಅಂದರೆ ಫ್ರಾನ್ಸಿನಲ್ಲೇ ಕೊನೆಗೆ ಗೆದ್ದಿದ್ದು ‘ಜಾಕ್’ ಅನ್ನೋ ರೂಪ. ಅಂದರೆ ಫ್ರೆಂಚರು ‘ಕ’ ಉಳಿಸಿಕೊಂಡು ‘ಮ’ ಬಿಟ್ಟರು, ಇಂಗ್ಲಿಷರು ‘ಮ’ ಉಳಿಸಿಕೊಂಡು ‘ಕ’ ಬಿಟ್ಟರು. ಬೈಬಲ್ ಅನುವಾದಕರು ಬರುವ ಹೊತ್ತಿಗೆ ಇಂಗ್ಲೆಂಡಿನ ಜನ ಆ ಶಿಷ್ಯನನ್ನು ಜೇಮ್ಸ್ ಅಂತ ಕರೆದು ಎಷ್ಟೋ ತಲೆಮಾರು ಕಳೆದಿತ್ತು. ಅನುವಾದಕರು ರೂಢಿಯನ್ನೇ ಹಿಡಿದರು. ಮೂಲಪುರುಷನಿಗೆ ಪುಸ್ತಕದ ಜೇಕಬ್ ಉಳಿಯಿತು.

ಈ ಹೆಸರು ಇನ್ನೂ ಎಲ್ಲೆಲ್ಲಿ ವೇಷ ಹಾಕಿಕೊಂಡಿದೆ ಅಂತ ನೋಡಿದರೆ ಖುಷಿಯಾಗುತ್ತದೆ. ಸ್ಪೇನಿನವರ ಹಳೆಯ ರೂಪ ‘ಇಯಾಗೋ’. ಅದಕ್ಕೆ ಸಂತ ಸೇರಿಸಿದರೆ ಸಾಂತ್ ಇಯಾಗೋ, ಅಂದರೆ ಸಾಂತಿಯಾಗೊ. ಜೆಬೆದಾಯನ ಮಗ ಯಾಕೋಬನ ಸಮಾಧಿ ಇದೆ ಅಂತ ನಂಬಿ ಮಧ್ಯಯುಗದಿಂದ ಜನ ನಡೆದು ಹೋಗುವ ಊರು ಸಾಂತಿಯಾಗೊ ದೆ ಕಂಪೊಸ್ತೆಲಾ. 1541ರಲ್ಲಿ ಕಟ್ಟಿದ ಚಿಲಿಯ ರಾಜಧಾನಿಯೂ ಇವನ ಹೆಸರಿನದೇ. ಮುಂದೆ ಜನ ಸಾಂತಿಯಾಗೊ ಪದವನ್ನು ತಪ್ಪು ಜಾಗದಲ್ಲಿ ಬಿಡಿಸಿದರು. ಸಾಂತ್-ಇಯಾಗೊ ಅನ್ನೋ ಬದಲು ಸಾನ್-ತಿಯಾಗೊ. ಹಾಗೆ ಪೋರ್ಚುಗೀಸಿನಲ್ಲಿ ‘ಟಿಯಾಗೊ’ ಅಂತ ಹೊಸ ಹೆಸರೇ ಹುಟ್ಟಿತು. ಹೌದು, ನಮ್ಮ ರಸ್ತೆಗಳಲ್ಲಿ ಓಡಾಡುವ ಟಾಟಾ ಕಾರಿನ ಮೇಲಿರುವ ಪದವೇ. ಆ ಕಾರಿಗೆ ಮೊದಲು ಝಿಕಾ ಅಂತ ಹೆಸರಿಟ್ಟಿದ್ದರು. 2016ರಲ್ಲಿ ಝಿಕಾ ವೈರಸ್ ಸುದ್ದಿಯಾದ ಮೇಲೆ ಬದಲಿಸಿದರು.

ಸ್ಕಾಟ್ಲೆಂಡಿನ ಹ್ಯಾಮಿಶ್ ನೋಡಿ. ಗೇಲಿಕ್ ಭಾಷೆಯಲ್ಲಿ ಜೇಮ್ಸ್ ಅಂದರೆ ‘ಶೇಮಸ್’. ಅಲ್ಲಿ ಹೆಸರು ಹಿಡಿದು ಕೂಗುವಾಗ, ನಮ್ಮ ಸಂಬೋಧನಾ ವಿಭಕ್ತಿಯ ಹಾಗೆ, ಹೆಸರಿನ ರೂಪ ಬದಲಾಗುತ್ತದೆ. ಆದರೆ ಅವರಲ್ಲಿ ಬದಲಾಗೋದು ಮೊದಲ ಅಕ್ಷರ. ಶೇಮಸ್‌ನನ್ನು ಕೂಗಿದರೆ ‘ಎ ಹೇಮಿಶ್’ ಅಂತ ಕೇಳಿಸುತ್ತದೆ. ಆ ಕೂಗನ್ನೇ ಕೇಳಿಸಿಕೊಂಡ ಇಂಗ್ಲಿಷರು ಹ್ಯಾಮಿಶ್ ಅಂತ ಬರೆದುಕೊಂಡರು. ಇನ್ನು ನಮ್ಮ ಕಡೆ ಹಳೆಯ ಹೆಂಗಸರು ರವಿಕೆಗೆ ಹೇಳುವ ‘ಜಾಕೀಟು’ ಕೂಡ ಬಹುಶಃ ಈ ಮನೆತನದ್ದೇ. ಫ್ರಾನ್ಸಿನಲ್ಲಿ ಹಳ್ಳಿಯ ರೈತರನ್ನೆಲ್ಲ ಸುಮ್ನೆ ‘ಜಾಕ್’ ಅಂತ ಕರೆಯುತ್ತಿದ್ದರು, ಅವರು ತೊಡುವ ಗಿಡ್ಡ ಅಂಗಿಗೂ ಆ ಹೆಸರು ಬಿತ್ತು ಅಂತ ಹಲವು ನಿಘಂಟುಗಳು ಹೇಳುತ್ತವೆ.

ಈಗ ಅರ್ಥದ ವಿಷಯ. ಆದಿಕಾಂಡದ 25ನೇ ಅಧ್ಯಾಯದಲ್ಲಿ ರೆಬೆಕ್ಕಳಿಗೆ ಅವಳಿ ಮಕ್ಕಳು ಹುಟ್ಟುತ್ತಾರೆ. ಏಸಾವ ಮೊದಲು ಬಂದ, ತಮ್ಮ ಅವನ ಹಿಮ್ಮಡಿ ಹಿಡಿದುಕೊಂಡೇ ಹೊರಬಂದ. ಹೀಬ್ರೂವಿನಲ್ಲಿ ಹಿಮ್ಮಡಿಗೆ ‘ಅಕೇವ್’. ಅದರಿಂದ ಯಅಕೋವ್, ಹಿಮ್ಮಡಿ ಹಿಡಿದವನು. ಬೆಳೆದ ಮೇಲೆ ಅವನು ಹಸಿದು ಬಂದ ಅಣ್ಣನಿಗೆ ಬೇಳೆಯ ಸಾರು ಕೊಟ್ಟು ಚೊಚ್ಚಲು ಮಗನ ಹಕ್ಕು ಬರೆಸಿಕೊಂಡ. ಆಮೇಲೆ ಕೈಗೆ, ಕೊರಳಿಗೆ ಆಡಿನ ಮರಿಯ ತೊಗಲು ಸುತ್ತಿಕೊಂಡು, ಕಣ್ಣು ಮಂಜಾದ ಅಪ್ಪನ ಮುಂದೆ ತಾನೇ ರೋಮದ ಮೈಯ ಏಸಾವ ಅಂತ ನಿಂತು ಆಶೀರ್ವಾದವನ್ನೂ ಹೊಡೆದ. ಇಸಾಕ ತಡವಿ ನೋಡಿ, ಸ್ವರ ಯಾಕೋಬನದು, ಕೈ ಮಾತ್ರ ಏಸಾವನದು ಅಂದುಕೊಂಡರೂ ನಂಬಿಬಿಟ್ಟ. ವಿಷಯ ಗೊತ್ತಾದಾಗ ಏಸಾವ ಹೊಟ್ಟೆಯುರಿದು ಹೇಳುವ ಮಾತು 27:36ರಲ್ಲಿದೆ: ಇವನಿಗೆ ಯಾಕೋಬ ಅಂತ ಹೆಸರಿಟ್ಟಿದ್ದು ಸರಿಯಾಗೇ ಇದೆ, ಎರಡು ಸಲ ನನಗೆ ಮೋಸ ಮಾಡಿದ. ಅಲ್ಲಿ ಅವನು ಅದೇ ಧಾತುವಿನ ಕ್ರಿಯಾಪದ ಬಳಸಿ ಹೆಸರಿನ ಮೇಲೆ ಶ್ಲೇಷೆ ಮಾಡುತ್ತಾನೆ. ನಾವು ‘ಕಾಲೆಳೆಯೋದು’ ಅಂದಾಗ ಕಾಲೂ ಇದೆ, ಬೀಳಿಸೋ ಬುದ್ಧಿಯೂ ಇದೆ ಅಲ್ವಾ, ಹಿಮ್ಮಡಿಯಿಂದ ಮೋಸಕ್ಕೆ ಹೋಗುವ ದಾರಿಯೂ ಹಾಗೇ.

ಆದರೆ ಇದು ಏಟು ತಿಂದ ಅಣ್ಣನ ವ್ಯಾಖ್ಯಾನ. ಹೆಸರುಗಳ ವೆಬ್‌ಸೈಟುಗಳು ಅದನ್ನೇ ಎತ್ತಿಕೊಂಡು ‘ಅರ್ಥ: ಮೋಸಗಾರ’ ಅಂತ ಬರೆಯೋದು ಅನ್ಯಾಯ ಅಂತ ನನ್ನ ಅಭಿಪ್ರಾಯ. ಹುಟ್ಟಿದ ಮಗುವಿಗೆ ಯಾವ ತಾಯಿ ಹಾಗೆ ಹೆಸರಿಡುತ್ತಾಳೆ? ಅನೇಕ ವಿದ್ವಾಂಸರ ಪ್ರಕಾರ ಈ ಹೆಸರಿನ ಪೂರ್ತಿ ರೂಪ ‘ಯಅಕೋವ್-ಏಲ್’ ಇದ್ದಿರಬೇಕು. ಏಲ್ ಅಂದರೆ ದೇವರು, ಒಟ್ಟು ಅರ್ಥ ‘ದೇವರು ಕಾಪಾಡಲಿ’. ಆ ಧಾತುವಿಗೆ ಅಕ್ಕಪಕ್ಕದ ಸೆಮಿಟಿಕ್ ಭಾಷೆಗಳಲ್ಲಿ ಕಾಪಾಡುವ ಅರ್ಥ ಇದೆ. ಗುರುಪ್ರಸಾದ ಬರೀ ಪ್ರಸಾದ ಆದ ಹಾಗೆ ದೇವರ ಹೆಸರು ಬಿಟ್ಟುಹೋಗಿ ಯಅಕೋವ್ ಉಳಿಯಿತು. ಈ ಬಗೆಯ ಹೆಸರು ಮೆಸೊಪೊಟೇಮಿಯದ ಹಳೆಯ ಬರಹಗಳಲ್ಲೂ ಸಿಗುತ್ತದೆ. ಕ್ರಿ.ಪೂ. 17ನೇ ಶತಮಾನದ ಆಸುಪಾಸಿನ ಒಬ್ಬ ದೊರೆ ‘ಯಾಕುಬ್-ಹರ್’ನ ಹೆಸರಿರುವ ಮುದ್ರೆಗಳು ಈಜಿಪ್ಟಿನ ಕಡೆಯಲ್ಲದೆ, ಇವತ್ತಿನ ಇಸ್ರೇಲಿನ ಹೈಫಾ ಹತ್ತಿರದ ಶಿಕ್ಮೋನಾದಲ್ಲೂ ಸಿಕ್ಕಿವೆ. ಜೀರುಂಡೆಯ ಆಕಾರದಲ್ಲಿ ಕಡೆದ, ಬೆರಳ ತುದಿಯಷ್ಟೇ ದೊಡ್ಡ ಮುದ್ರೆಗಳು. ಅವನೇ ಬೈಬಲ್‌ನ ಯಾಕೋಬ ಅಂತಲ್ಲ. ಆ ಕಾಲದ ಆ ಜನರಲ್ಲಿ ಇದು ಓಡುತ್ತಿದ್ದ ಹೆಸರು ಅಂತ ಮಾತ್ರ.

ಕಥೆಯಲ್ಲೂ ಅವನಿಗೆ ಹಳೆ ಹೆಸರೇ ಕೊನೆಯಲ್ಲ. ಯಬ್ಬೋಕ್ ಹೊಳೆಯ ದಡದಲ್ಲಿ ಇಡೀ ರಾತ್ರಿ ಒಬ್ಬ ಅಪರಿಚಿತನ ಜೊತೆ ಕುಸ್ತಿ ಹಿಡಿದು, ಸೊಂಟದ ಕೀಲು ತಪ್ಪಿಸಿಕೊಂಡು, ಬೆಳಗಾಗುವಾಗ ‘ಇಸ್ರಾಯೇಲ್’ ಅನ್ನೋ ಹೊಸ ಹೆಸರು ಪಡೆಯುತ್ತಾನೆ. ಇಡೀ ಒಂದು ಜನಾಂಗಕ್ಕೆ, ಈಗ ಒಂದು ದೇಶಕ್ಕೆ ಆ ಹೆಸರು ನಿಂತಿದೆ.

ಇವತ್ತಿನ ಬಳಕೆ? ಇಸ್ರೇಲಿನಲ್ಲಿ ದಾಖಲೆಯಲ್ಲಿ ಯಾಕೋವ್, ಮನೆಯಲ್ಲಿ ಕೋಬಿ. ಪೂರ್ವ ಯುರೋಪಿನ ಯಹೂದಿಗಳ ಯಿಡ್ಡಿಶ್ ಭಾಷೆಯಲ್ಲಿ ಮುದ್ದಿನ ರೂಪ ಯಾಂಕೆಲ್. ಅಮೆರಿಕದಲ್ಲಿ 1999ರಿಂದ 2012ರವರೆಗೆ ಗಂಡುಮಕ್ಕಳಿಗೆ ಅತಿ ಹೆಚ್ಚು ಇಟ್ಟ ಹೆಸರು ಜೇಕಬ್. ಅದಕ್ಕೂ ಹಿಂದೆ 1940ರ ದಶಕದಲ್ಲಿ ಆ ಜಾಗ ಜೇಮ್ಸ್‌ನದ್ದು. ಆರು ಅಮೆರಿಕ ಅಧ್ಯಕ್ಷರ ಹೆಸರು ಜೇಮ್ಸ್. ಜಿಮ್ಮಿ ಕಾರ್ಟರ್ ಕೂಡ ಕಾಗದದ ಮೇಲೆ ಜೇಮ್ಸ್.

ನಮ್ಮಲ್ಲಿ ಮುಸ್ಲಿಮರ ಯಾಕೂಬ್ ಇದೇ ಹೆಸರು. ಕುರಾನಿನಲ್ಲಿ ಪ್ರವಾದಿ ಯಾಕೂಬ್ ಹೆಸರು 16 ಸಲ ಬರುತ್ತದೆ. ಮೂಲದ ಗಂಟಲ ಸದ್ದನ್ನು ಚೆನ್ನಾಗಿ ಉಳಿಸಿಕೊಂಡಿದ್ದು ಅರಬ್ಬಿಯೇ. ಕೇರಳದ ಸಿರಿಯನ್ ಕ್ರೈಸ್ತರಲ್ಲಿ ಇದು ಚಾಕೋ ಆಗಿದೆ. ಅಲ್ಲಿ ಮೊದಲ ಮಗನಿಗೆ ಅಪ್ಪನ ಅಪ್ಪನ ಹೆಸರಿಡುವ ರೂಢಿ. ಹಾಗಾಗಿ ಚರ್ಚಿನ ರಿಜಿಸ್ಟರಿನಲ್ಲಿ ಜೇಕಬ್, ಮನೆಯಲ್ಲಿ ಚಾಕೋ ಅಂತ ಒಂದೇ ಹೆಸರು ತಾತನಿಂದ ಮೊಮ್ಮಗನಿಗೆ ಇಳಿಯುತ್ತಾ ಬರುತ್ತದೆ. ಅಲ್ಲಿನ ಯಾಕೋಬಾಯ ಸಭೆಯ ಹೆಸರು ಮಾತ್ರ ಶಿಷ್ಯನದ್ದಲ್ಲ, 6ನೇ ಶತಮಾನದ ಸಿರಿಯಾದ ಬಿಷಪ್ ಯಾಕೋಬ್ ಬುರ್ದಾನನದ್ದು. 1971ರ ಡಿಸೆಂಬರ್‌ನಲ್ಲಿ ಢಾಕಾಕ್ಕೆ ಹೋಗಿ ಪಾಕಿಸ್ತಾನಿ ಸೇನೆಯ ಶರಣಾಗತಿಯ ಮಾತುಕತೆ ನಡೆಸಿದ ಭಾರತೀಯ ಸೇನಾಧಿಕಾರಿ ಜೆ.ಎಫ್.ಆರ್. ಜೇಕಬ್ ಕಲ್ಕತ್ತಾದ ಬಾಗ್ದಾದಿ ಯಹೂದಿ ಮನೆತನದವರು.

ಹೆಸರು ಹುಡುಕುತ್ತಿರುವವರಿಗೆ ಒಂದೇ ಮಾತು. ದೊಡ್ಡ ಮಗನಿಗೆ ಜೇಕಬ್ ಅಂತ ಇಟ್ಟಾಗಿದೆ, ಚಿಕ್ಕವನಿಗೆ ಜೇಮ್ಸ್ ಇಡೋಣ ಅಂತ ಯೋಚನೆ ಇದ್ದರೆ ಸ್ವಲ್ಪ ನೋಡಿಕೊಳ್ಳಿ. ಆಧಾರ್ ಕಾರ್ಡಿಗೆ ತೊಂದರೆ ಇಲ್ಲ. ಆದರೆ ಕನ್ನಡ ಬೈಬಲ್‌ನ ಲೆಕ್ಕದಲ್ಲಿ ಮನೆಯಲ್ಲಿ ಇಬ್ಬರು ಯಾಕೋಬರಾಗುತ್ತಾರೆ.