ಕಾಪಿ ಕೈಗೆ ಸಿಕ್ಕ ದಿನದಿಂದ ಅಲ್ಲ, ಸ್ವಾಮಿ!

ಪ್ರಶ್ನೆ: ತಾಲ್ಲೂಕು ಕೋರ್ಟಿನಲ್ಲಿ ಜಮೀನಿನ ಕೇಸು ಸೋತೆವು. ಅಪೀಲಿನ ಗಡುವು ಮುಗಿದಿದೆ ಅಂತ ವಕೀಲರು ಹೇಳುತ್ತಿದ್ದಾರೆ. ಆದರೆ ತೀರ್ಪಿನ ಕಾಪಿ ನಮ್ಮ ಕೈಗೆ ಬಂದು ಇನ್ನೂ 30 ದಿನ ಆಗಿಲ್ಲ. ಈಗ ಅಪೀಲು ಹಾಕಬಹುದೇ?

ಹಾಕಬಹುದು. ಆದರೆ ತಡವಾಗಿದ್ದರೆ ಮನ್ನಾ ಕೋರುವ ಅರ್ಜಿಯೂ ಜೊತೆಗಿರಬೇಕು. ಅದರ ವಿಷಯ ಆಮೇಲೆ. ಮೊದಲು ಆ ‘ಕಾಪಿ ಬಂದು 30 ದಿನ’ ಅನ್ನುವ ಮಾತಿಗೆ ಒಂದು ಗತಿ ಕಾಣಿಸೋಣ. ಇದಕ್ಕೆ ಉತ್ತರ ಬರೆದು ಬರೆದು ನನಗೂ ಸಾಕಾಗಿದೆ. ಆದರೂ ಕೋರ್ಟಿನ ಎದುರಿನ ಟೀ ಅಂಗಡಿಯಲ್ಲಿ ಕೇಳಿದ್ದೇ ಜನರಿಗೆ ಕಾನೂನು.

1963ರ ಕಾಲಮಿತಿ ಕಾಯ್ದೆ ಹೇಳುವುದು ಇಷ್ಟು. ಗಡುವು ತೀರ್ಪಿನ ದಿನಾಂಕದಿಂದ ಓಡಲು ಶುರು. ಆ ಒಂದು ದಿನವನ್ನು ಬಿಟ್ಟು ಮರುದಿನದಿಂದ ಎಣಿಸಬೇಕು. ಸಾಮಾನ್ಯ ಸಿವಿಲ್ ಕೇಸಿನಲ್ಲಿ ಹೈಕೋರ್ಟಿಗೆ ಅಪೀಲಾದರೆ 90 ದಿನ, ಬೇರೆ ಕೋರ್ಟಿಗಾದರೆ 30 ದಿನ. ಬೆಂಗಳೂರಿನ ಸಿಟಿ ಸಿವಿಲ್ ಕೋರ್ಟಿನ ಡಿಕ್ರಿ (ತೀರ್ಪಿನಂತೆ ಕೋರ್ಟು ಹೊರಡಿಸುವ ಆದೇಶ) ಮೇಲೆ ಅಪೀಲು ಹೋಗುವುದು ಹೈಕೋರ್ಟಿಗೆ. ಅದಕ್ಕೇ ಬೆಂಗಳೂರಿನ ನೆಂಟರು ‘90 ದಿನ ಇದೆ, ಗಾಬರಿ ಬೇಡ’ ಅನ್ನುತ್ತಾರೆ. ಅದು ಅವರ ಲೆಕ್ಕ, ನಿಮ್ಮದಲ್ಲ.

ಹಾಗಾದರೆ ಕಾಪಿಗೆ ಬೆಲೆಯೇ ಇಲ್ಲವಾ? ಇದೆ. ಕಾಪಿಗೆ ಅರ್ಜಿ ಹಾಕಿದ ದಿನದಿಂದ ಅದು ಸಿದ್ಧವಾದ ದಿನದವರೆಗಿನ ಸಮಯವನ್ನು ಗಡುವಿನ ಎಣಿಕೆಯಿಂದ ಬಿಡುತ್ತಾರೆ. ಅಷ್ಟೇ. ಅರ್ಜಿ ಹಾಕುವ ಮೊದಲು ನೀವು ಸುಮ್ಮನೆ ಕೂತ ದಿನಗಳು ನಿಮ್ಮ ಲೆಕ್ಕಕ್ಕೆ. ಸಿದ್ಧವಾದ ಮೇಲೆ ತೆಗೆದುಕೊಳ್ಳದೆ ಬಿಟ್ಟ ದಿನಗಳೂ ನಿಮ್ಮ ಲೆಕ್ಕಕ್ಕೆ.

ಒಂದು ಲೆಕ್ಕ ಹಾಕಿ ನೋಡಿ. ಜೂನ್ 2ಕ್ಕೆ ತೀರ್ಪು ಬಂತು. ಕಾಪಿಗೆ ಅರ್ಜಿ ಹಾಕಿದ್ದು ಜೂನ್ 20. ಅಷ್ಟರಲ್ಲೇ 17 ದಿನ ಖರ್ಚಾಯಿತು. ಕಾಪಿ ಸಿದ್ಧವಾದದ್ದು ಜುಲೈ 15. ಈ ನಡುವಿನ ದಿನಗಳು ಲೆಕ್ಕಕ್ಕಿಲ್ಲ. ಉಳಿದದ್ದು 13 ದಿನ, ಅಂದರೆ ಜುಲೈ 28ಕ್ಕೆ ಗಡುವು ಮುಗಿಯಿತು. ನೀವು ಹೋಗಿ ಕಾಪಿ ತಂದದ್ದು ಆಗಸ್ಟ್ 1ಕ್ಕೆ. ‘ಇನ್ನೂ 31ರವರೆಗೆ ಟೈಮಿದೆ’ ಅಂದುಕೊಂಡು ಬಸ್ಸು ಹತ್ತುವಾಗಲೇ ಗಡುವು ದಾಟಿತ್ತು! ಈ ದಿನಾಂಕಗಳೆಲ್ಲ ಕಾಪಿಯ ಮೇಲೆಯೇ ಇರುತ್ತವೆ. ಒಮ್ಮೆ ತಿರುಗಿಸಿ ನೋಡಿ. ಅರ್ಧ ಜಗಳ ಅಲ್ಲೇ ಮುಗಿಯುತ್ತದೆ.

ಈ ನಂಬಿಕೆ ಎಲ್ಲಿಂದ ಬಂತು ಅಂದರೆ, ಕೆಲವು ಕಾನೂನುಗಳಲ್ಲಿ ನಿಜವಾಗಿಯೂ ಹಾಗಿದೆ. ರೇರಾ (ಫ್ಲ್ಯಾಟು, ಲೇಔಟುಗಳ ದೂರು ಕೇಳುವ ರಿಯಲ್ ಎಸ್ಟೇಟ್ ಪ್ರಾಧಿಕಾರ) ಆದೇಶದ ಮೇಲೆ ಅಪೀಲು ಹಾಕಲು ಇರುವ 60 ದಿನ, ಆದೇಶದ ಪ್ರತಿ ಸಿಕ್ಕ ದಿನದಿಂದಲೇ ಶುರುವಾಗುತ್ತದೆ. ಫ್ಲ್ಯಾಟಿನ ಕೇಸಿನ ನಿಯಮವನ್ನು ಹೊಲದ ಕೇಸಿಗೆ ತಂದು ಅಂಟಿಸಿದರೆ ಹೇಗೆ?

ಹಾಂ, ಕೊನೆಯ ದಿನ ಕೋರ್ಟಿಗೆ ರಜೆಯಿದ್ದರೆ ಬಾಗಿಲು ತೆರೆದ ದಿನ ಹಾಕಬಹುದು. ಮರುದಿನ ಅಲ್ಲ, ತೆರೆದ ದಿನವೇ.

ಇನ್ನು ಗಡುವು ದಾಟಿದವರ ದಾರಿ. ಕಾಲಮಿತಿ ಕಾಯ್ದೆಯ ಕಲಂ 5ರ ಕೆಳಗೆ ವಿಳಂಬ ಮನ್ನಾ ಅರ್ಜಿ, ಅದಕ್ಕೊಂದು ಅಫಿಡವಿಟ್. ಕಾರಣ ಗಟ್ಟಿಯಾಗಿರಬೇಕು. ಎಷ್ಟು ದಿನ ತಡ ಅನ್ನುವುದಕ್ಕಿಂತ ಯಾಕೆ ತಡ ಅನ್ನುವುದು ಮುಖ್ಯ. 1998ರಲ್ಲಿ ಒಂದು ಕೇಸಿನಲ್ಲಿ ಸುಪ್ರೀಂ ಕೋರ್ಟು 883 ದಿನಗಳ ವಿಳಂಬವನ್ನೂ ಮನ್ನಿಸಿತು. 2012ರಲ್ಲಿ ಅಂಚೆ ಇಲಾಖೆಯ 427 ದಿನಗಳನ್ನು ಒಪ್ಪಲಿಲ್ಲ. ಫೈಲು ಟೇಬಲಿನಿಂದ ಟೇಬಲಿಗೆ ಹೋಗುತ್ತಿತ್ತು ಅನ್ನುವುದು ಸರ್ಕಾರಕ್ಕೂ ನೆಪವಾಗಲಿಲ್ಲ. ‘ಹುಷಾರಿರಲಿಲ್ಲ’ ಅಂತ ಒಂದು ಸಾಲು ಬರೆದರೆ ನಿಮಗೂ ಆಗುವುದಿಲ್ಲ. ಆಸ್ಪತ್ರೆಯ ಡಿಸ್ಚಾರ್ಜ್ ಚೀಟಿ ಲಗತ್ತಿಸಿ, ಯಾವ ದಿನದಿಂದ ಯಾವ ದಿನದವರೆಗೆ ಅಂತ ಬರೆಯಿರಿ.

ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿ ನಿಲ್ಲುವುದಿಲ್ಲ, ಸ್ಟೇ ಬೇರೆಯೇ ಕೇಳಬೇಕು. ತಡವಾದ ಅಪೀಲಿನಲ್ಲಿ ಇನ್ನೂ ಕಷ್ಟ. ಅಪೀಲನ್ನು ವಿಚಾರಣೆಗೆ ತೆಗೆದುಕೊಳ್ಳುವುದಾಗಿ ಕೋರ್ಟು ತೀರ್ಮಾನಿಸುವವರೆಗೆ ಸ್ಟೇ ಕೊಡುವಂತಿಲ್ಲ ಅಂತ ಸಿವಿಲ್ ಪ್ರಕ್ರಿಯಾ ಸಂಹಿತೆಯೇ ಹೇಳುತ್ತದೆ. ಅಷ್ಟರಲ್ಲಿ ಎದುರಿನವರು ಡಿಕ್ರಿ ಜಾರಿ ಮಾಡಿಸಿ ಅಂತ ಅಮಲ್ಜಾರಿ ಅರ್ಜಿ ಹಾಕಿದರೆ ತಡೆಯುವುದು ಸುಲಭವಲ್ಲ.

ನೀವು ಕೇಳಿಲ್ಲ, ಆದರೂ ಹೇಳುತ್ತೇನೆ. ಕೇಸು ನಡೆದದ್ದೇ ಗೊತ್ತಿಲ್ಲದೆ ಏಕಪಕ್ಷೀಯ ಡಿಕ್ರಿ ಆದವರ ಕಥೆ ಬೇರೆ. ಡಿಕ್ರಿ ರದ್ದು ಮಾಡಿ ಅಂತ ಅವರು ಅದೇ ಕೋರ್ಟಿಗೆ ಅರ್ಜಿ ಹಾಕಬಹುದು. ಅದಕ್ಕೂ 30 ದಿನ. ಸಮನ್ಸ್ ಸರಿಯಾಗಿ ಜಾರಿಯಾಗಿರದಿದ್ದರೆ ಆ 30 ದಿನ ಡಿಕ್ರಿ ವಿಷಯ ಗೊತ್ತಾದ ದಿನದಿಂದ ಶುರು. ನೋಡಿ, ಗೊತ್ತಾದ ದಿನಕ್ಕೆ ಬೆಲೆ ಇರುವುದು ಇಲ್ಲಿ! ಆದರೆ ಒಂದು ಎಚ್ಚರ. ಅದೇ ಡಿಕ್ರಿ ಮೇಲೆ ಅಪೀಲನ್ನೂ ಹಾಕಿ, ಅದು ತಡವಾಯಿತು ಅಂತ ವಜಾ ಆದರೆ, ಈ ಅರ್ಜಿಯ ದಾರಿಯೂ ಮುಚ್ಚಿಹೋಗುತ್ತದೆ. ಯಾವುದನ್ನು ಮೊದಲು ಹಾಕಬೇಕು ಅಂತ ವಕೀಲರ ಹತ್ತಿರ ಕೂತು ಮಾತಾಡಿ, ಆಮೇಲೆ ವಕಾಲತ್ತಿಗೆ ಸಹಿ ಹಾಕಿ.